ಕಂಬಕ್ಕೆ ಎರಡು ಏಟು

...ಯಾಕೆ ನಗ್ತೀಯ? ನಗೋ ಅಂಥದ್ದೇನು ಹೇಳಿದೆ ನಾನು? ತುಟಿ ಬಿಗಿ ಹಿಡಿದು ನಕ್ಕರೂ ನನಗೆ ಗೊತ್ತಾಗುತ್ತೆ ದಿಲಾರಾ. ಹತ್ತೊಂಬತ್ತು ವರ್ಷ ಹ್ಯಾಂಡ್‌ಬಾಲ್ ಗೋಲಿನಲ್ಲಿ ನಿಂತು ಬರೀ ಎದುರಿಗಿರೋರ ಭುಜ ನೋಡ್ಕೊಂಡು ಬದುಕಿದೋಳು ನಾನು. ಭುಜ ಒಂಚೂರು ಅಲ್ಲಾಡಿದ್ರೆ ಸಾಕು, ಚೆಂಡು ಎಲ್ಲಿಗೆ ಬರುತ್ತೆ ಅಂತ ಹೇಳಿಬಿಡ್ತೀನಿ. ನಿನ್ನ ಭುಜ ಅಲ್ಲಾಡ್ತು. ನಕ್ಕೆ ನೀನು.

ನಗು, ನಗು. ಜೋರಾಗಿ ಮಾತ್ರ ಬೇಡ, ಕಣ್ಣಿಗೆ ಒತ್ತಡ ಬೀಳುತ್ತಂತೆ. ನಾನಿನ್ನೂ ಬಾಗಿಲಲ್ಲಿ ಶೂ ಬಿಚ್ತಾ ಇದ್ದೆ, ನಿಮ್ಮಮ್ಮ ಮನೆಗೆ ಬಂದೋಳು ಅಂತ ಕೈಗೆ ಕೊಲೋನ್ ಸುಗಂಧ ಸುರಿದು ಶುರು ಮಾಡಿದ್ರು. 'ಶೆಂಗುಲ್, ಬಗ್ಗೋ ಹಾಗಿಲ್ಲ, ಕೆಮ್ಮೋ ಹಾಗಿಲ್ಲ, ಅಳೋ ಹಾಗೂ ಇಲ್ಲ ಅಂದಿದ್ದಾರೆ ಡಾಕ್ಟರು.' ಅಳೋ ಹಾಗೂ ಇಲ್ಲ! ಇಪ್ಪತ್ತು ತುಂಬದ ಹುಡುಗಿ, ಬಲಗಣ್ಣು ಬರುತ್ತೋ ಇಲ್ಲವೋ ಅಂತ ಕತ್ತಲೆ ಕೋಣೆಯಲ್ಲಿ ಹನ್ನೊಂದು ದಿನದಿಂದ ಕೂತಿದ್ದಾಳೆ, ಅಳೋದಕ್ಕೂ ಅಪ್ಪಣೆ ಇಲ್ಲ. ಥೂ!

ನನಗೆ ಮೈಯೆಲ್ಲಾ ಉರೀತಿದೆ. ನಿನಗೆ ಉರಿಯಲ್ವಾ? ಉರಿಯಬೇಕು! ಅದಕ್ಕೇ ಈ ಕಾಗದ ಬರ್ಕೊಂಡು ಬಂದಿದ್ದೀನಿ. ನಿನ್ನ ಹೆಸರಲ್ಲೇ ಬರೆದಿದ್ದೀನಿ, ನೀನು ಒಂದು ಸಹಿ ಹಾಕಿದ್ರೆ ಆಯ್ತು. ನಾಳೆ ಬೆಳಗ್ಗೆ ಕ್ರೀಡಾ ಕಚೇರಿಗೆ ನಾನೇ ಒಯ್ದು ಅವರ ಮೇಜಿನ ಮೇಲೆ ಕುಟ್ಟಿ ಬರ್ತೀನಿ. ತಗೋ ಪೆನ್ನು.

ಮೊದಲು ಓದಲಾ? ಸರಿ, ಓದ್ತೀನಿ, ನೀನು ಓದೋ ಹಾಗಿಲ್ಲವಲ್ಲ. ಅದಕ್ಕೂ ಮುಂಚೆ ಒಂದು ಮಾತು. ಆಂಬುಲೆನ್ಸ್ ಎಲ್ಲಿತ್ತು ಅವತ್ತು? ಹೇಳು, ಎಲ್ಲಿತ್ತು? ಗಂಡಸರ ಫುಟ್‌ಬಾಲ್ ಮೈದಾನದಲ್ಲಿತ್ತು! ಅಲ್ಲಿ ಹನ್ನೊಂದು ಜನ ಗಂಡಸರು ಸೋಲ್ತಾ ಇದ್ರು. ಸೋಲೋದಕ್ಕೆ ಆಂಬುಲೆನ್ಸ್ ಯಾಕೆ ಬೇಕು? ವಾರವಾರ ಸೋಲ್ತಾರೆ, ಅಭ್ಯಾಸ ಆಗಿಲ್ವಾ ಇನ್ನೂ? ನಿನ್ನನ್ನ ಆಸ್ಪತ್ರೆಗೆ ಸಾಗಿಸಿದ್ದು ಎದುರಾಳಿ ತಂಡದ ಮಿನಿಬಸ್ಸು, ಗೊತ್ತಾ? ನಿನ್ನ ಮುಖಕ್ಕೆ ಚೆಂಡು ಎಸೆದ ಸೆರ್ಪಿಲ್ ಇದ್ದಾಳಲ್ಲ, ಅವಳ ತೊಡೆ ಮೇಲೆ ನಿನ್ನ ತಲೆ ಇತ್ತು. ದಾರಿಯುದ್ದಕ್ಕೂ ಅತ್ತಳು. ಅವಳಿಗೆ ಕೆಂಪು ಕಾರ್ಡು ತೋರಿಸಿ ಕೂರಿಸಿದ್ರು. ಕೆಂಪು ಕಾರ್ಡು ತಗೊಂಡು ಕಣ್ಣಿಗೆ ಅಂಟಿಸ್ಕೊಳ್ಳೋಣವಾ?

ಮತ್ತೆ ನಮ್ಮ ಕ್ಲಬ್ಬಿನ ಅಧ್ಯಕ್ಷರು! ಹೋದ ವಸಂತದಲ್ಲಿ ನೆನಪಿದೆಯಾ, ಅವರ ಮೊಮ್ಮಗನ ಸುನ್ನತಿ ಔತಣ ಅಂತ ನಮ್ಮ ಆಟದ ಹಾಲ್ ಎತ್ಕೊಂಡ್ರು. ನಾವು ಎರಡು ವಾರ ಶಾಲೆ ಅಂಗಳದ ಕಾಂಕ್ರೀಟ್ ಮೇಲೆ ಬಿದ್ದು ಎದ್ದು ಮೊಣಕಾಲು ಕಿತ್ತುಕೊಂಡ್ವಿ. ವಾಪಸ್ ಬಂದಾಗ ನೆಲದ ತುಂಬಾ ಸಕ್ಕರೆ ಪಾಕದ ಅಂಟು. 'ಒಳ್ಳೇದೇ ಆಯ್ತಲ್ಲ, ನಿಮಗೆ ಅಂಟು ಬೇಕೇ ಬೇಕಲ್ಲ ಚೆಂಡು ಹಿಡಿಯೋಕೆ' ಅಂದ್ರು ಆ ಮಹಾನುಭಾವರು. ನಾನು ಅಲ್ಲೇ ಅವರ ಟೈ ಹಿಡಿದು... ಇಲ್ಲ, ಹಿಡೀಲಿಲ್ಲ. ಹಿಡೀಬೇಕಿತ್ತು. ಹಿಡೀಬೇಕಾದ್ದನ್ನ ಹಿಡೀದೆ ಇರೋದೇ ನಮ್ಮ ರೋಗ.

ಟೀ ಕುಡಿ, ಆರ್ತಿದೆ.

ನೋಡು, ನಾನು ಗೋಲಿಗೆ ಹೇಗೆ ಬಂದೆ ಅಂತ ಹೇಳಿದ್ದೀನಲ್ವಾ ನಿನಗೆ? ಹೇಳಿದ್ದೀನಿ, ನೂರು ಸಲ. ಇನ್ನೊಂದು ಸಲ ಕೇಳು, ಸಿಟ್ಟು ಬರಲಿ ನಿನಗೂ. ಶಾಲೆಯಲ್ಲಿ ನನ್ನಷ್ಟು ವೇಗವಾಗಿ ಓಡೋರು ಯಾರೂ ಇರಲಿಲ್ಲ, ಹುಡುಗರೂ ಸೇರಿ! ಎಡಗಡೆ ಮೂಲೆಯಿಂದ ಹಾರಿ ಚೆಂಡು ಎಸೆದ್ರೆ ಬಲೆ ಹರಿಯೋ ಹಾಗೆ. ಆದ್ರೆ ಓಡೋರು ಚಡ್ಡಿ ಹಾಕ್ಕೊಂಡು ಓಡಬೇಕಲ್ಲ. ನಮ್ಮಪ್ಪ ಊರಿನ ಮಿನಿಬಸ್ ಓಡಿಸ್ತಿದ್ದೋರು, ದಿನಕ್ಕೆ ಇನ್ನೂರು ಜನ ಅವರ ಬೆನ್ನ ಹಿಂದೆ ಕೂತು ಮಾತಾಡ್ತಿದ್ರು. 'ನನ್ನ ಮಗಳ ತೊಡೆ ಊರಿನ ಬಾಯಿಗೆ ಬೀಳಬಾರದು' ಅಂದ್ರು. ಆಟದ ಟೀಚರು ಮನೆಗೆ ಬಂದು ಎರಡು ಗಂಟೆ ಕೂತ್ರು. ಕೊನೆಗೆ ಎದ್ದು ಹೋಗುವಾಗ ಅಂದ್ರು, 'ಗೋಲ್‌ಕೀಪರಿಗೆ ಮಾತ್ರ ಪ್ಯಾಂಟು ಉದ್ದ, ತೋಳೂ ಉದ್ದ.' ಅಪ್ಪ ಯೋಚನೆ ಮಾಡಿ, 'ಹಾಗಾದ್ರೆ ಅಲ್ಲಿ ನಿಲ್ಲಲಿ' ಅಂದ್ರು.

ಹಾಗಾದ್ರೆ ಅಲ್ಲಿ ನಿಲ್ಲಲಿ! ಎರಡು ಗೇಣು ಬಟ್ಟೆ, ದಿಲಾರಾ! ಎರಡು ಗೇಣು ಬಟ್ಟೆಗೋಸ್ಕರ ನನ್ನನ್ನ ತಗೊಂಡು ಹೋಗಿ ಚೆಂಡಿನ ಎದುರು ನಿಲ್ಲಿಸಿದ್ರು. ಕೈಗೆ ಗ್ಲೌಸ್ ಇಲ್ಲ, ಮುಖಕ್ಕೆ ಏನೂ ಇಲ್ಲ. ಏಳು ಮೀಟರ್ ದೂರದಿಂದ ಕಲ್ಲಿನ ಹಾಗೆ ಬರುತ್ತೆ, ಕೈ ಕಾಲು ಅಗಲಿಸಿ ನಿಂತುಕೋ, ಮೈಯಲ್ಲಿ ತಡಿ. ತೊಡೆ ಕಾಣಬಾರದು, ಆದ್ರೆ ತೊಡೆ ತುಂಬಾ ನೀಲಿ ಕಲೆ ಇರಬಹುದು, ಯಾರಿಗೂ ಅಡ್ಡಿ ಇಲ್ಲ! ನಿನಗೂ ಅದೇ ಕಥೆ ಅಲ್ವಾ? ನಿಮ್ಮಜ್ಜ ತಾನೇ ಹಾಗಂದಿದ್ದು? ಹೂಂ ಅಂತ ತಲೆ ಆಡಿಸಬೇಡ, ಕಣ್ಣು ಅಲುಗುತ್ತೆ.

ಈ ಕೈ ನೋಡು. ಕಿರುಬೆರಳು ಮೂರು ಸಲ ಮುರಿದು ಈಗ ಬೇರೆ ಯಾರದೋ ಬೆರಳಿನ ಹಾಗೆ ಹೊರಗೆ ನಿಂತಿದೆ. ಟೀ ಗ್ಲಾಸ್ ಹಿಡಿದ್ರೆ ದೊಡ್ಡ ಮನೆತನದ ಹೆಂಗಸಿನ ಹಾಗೆ ಕಾಣ್ತೀನಿ. ತಲೆಗೆ? ತಲೆಗೂ ಬಿದ್ದಿದೆ, ಬೀಳದೆ ಇರುತ್ತಾ. ಎರಡು ವರ್ಷದ ಹಿಂದೆ ಒಂದು ಬಿತ್ತು, ಮೂರು ದಿನ ಸ್ವಂತ ತಮ್ಮನ ಹೆಸರು ನೆನಪಾಗಲಿಲ್ಲ. 'ಏ ನೀನು' ಅಂತ ಕರೀತಿದ್ದೆ. ಅವನು ಒಳ್ಳೇದೇ ಆಯ್ತು ಅಂದ, ಹೆಸರು ಹಿಡಿದು ಕರೆದಾಗೆಲ್ಲ ಏನಾದ್ರೂ ಕೆಲಸ ಹೇಳ್ತಿದ್ದೆನಂತೆ. ಆಮೇಲೆ? ಆಮೇಲೆ ಏನೂ ಇಲ್ಲ. ಸರಿಹೋಯ್ತು. ಗೋಡೆ ಅಂತ ಸುಮ್ಮನೆ ಕರೀತಾರಾ ನನ್ನನ್ನ? ಪೇಪರಿನೋರು ಕೊಟ್ಟ ಹೆಸರು, ಗೋಡೆ ಶೆಂಗುಲ್. ಮೇ ತಿಂಗಳಲ್ಲಿ ಕೊನೇ ಪಂದ್ಯ, ಆಮೇಲೆ ನನ್ನ ಹದಿನಾರನೇ ನಂಬರಿನ ಅಂಗಿ ಹಾಲ್‌ನಲ್ಲಿ ಮೇಲೆ ತೂಗುಹಾಕ್ತಾರಂತೆ. ಅಲ್ಲಿ ತೂಗ್ತಿರೋದು ಇಡೀ ಊರಿನಲ್ಲಿ ಅದೊಂದೇ ಹೆಂಗಸಿನ ಅಂಗಿ ಆಗುತ್ತೆ. ಉದ್ದ ತೋಳಿಂದು! ಅಪ್ಪ ಇದ್ದಿದ್ರೆ ಸಮಾಧಾನ ಪಡ್ತಿದ್ರು.

ಯಾಕೆ ಮುಖ ಆ ಕಡೆ ತಿರುಗಿಸ್ದೆ? ಬೆಳಕು ಬಿತ್ತಾ? ಪರದೆ ಎಳೀಲಾ? ಬೇಡ? ಸರಿ.

ಓದ್ತೀನಿ ಕೇಳು. 'ಐವತ್ತೆಂಟನೇ ನಿಮಿಷದಲ್ಲಿ ಎದುರಾಳಿಗೆ ಏಳು ಮೀಟರಿನ ಪೆನಾಲ್ಟಿ ಎಸೆತ ಸಿಕ್ಕಾಗ, ನಮ್ಮ ತರಬೇತುದಾರ ವೆದಾತ್ ಅವರು, ಒಂದು ಗಂಟೆಯಿಂದ ಬೆಂಚಿನಲ್ಲಿ ಮೈ ತಣ್ಣಗಾಗಿ ಕೂತಿದ್ದ ನನ್ನನ್ನು, ಅನುಭವಿ ಕೀಪರ್ ಶೆಂಗುಲ್ ಅವರ ಬದಲಿಗೆ, ಒತ್ತಾಯದಿಂದ ಒಳಗೆ ಕಳಿಸಿದರು...'

ಏನು? ಯಾಕೆ ಹುಬ್ಬು ಗಂಟು ಹಾಕ್ದೆ? ಒತ್ತಾಯದಿಂದ ಅನ್ನೋದು ಬೇಡವಾ? ತೆಗೀತೀನಿ. 'ಕಳಿಸಿದರು' ಅಂತಷ್ಟೇ ಇರಲಿ.

ಕಳಿಸಿದ್ದು ನಮ್ಮ ಹೋಜಾ, ಆ ವೆದಾತ್ ತಾನೇ? ಕೈ ಬೀಸಿದ್ನಲ್ಲ ಅವನು? ನೀನು ನೋಡಲಿಲ್ಲ, ತಲೆ ಬಗ್ಗಿಸಿ ಶೂ ಲೇಸ್ ಕಟ್ಕೊಳ್ತಿದ್ದೆ. ನಾನು ಗೋಲಿಂದ ನೋಡ್ದೆ. ಹೀಗೆ ಬೀಸಿದ. ಅವನಿಗೇನು ಗೊತ್ತು ಗೋಲ್ ಕಾಯೋದು? ಜೀವಮಾನವೆಲ್ಲ ಎಸೆದೋನು, ಒಂದು ದಿನ ಎದುರು ನಿಂತೋನಲ್ಲ. ಮೊದಲನೇ ದಿನವೇ ನಮ್ಮಿಬ್ಬರನ್ನೂ ಕರೆದು ಅವನೇ ಹೇಳಲಿಲ್ವಾ, 'ಗೋಲಿನ ವಿಷಯ ನಿಮ್ಮನಿಮ್ಮಲ್ಲೇ ನೋಡ್ಕೊಳ್ಳಿ ಹುಡುಗೀರಾ, ಯಾರು ಯಾವಾಗ ಒಳಗೆ ಯಾವಾಗ ಹೊರಗೆ, ನನ್ನ ತಲೆ ತಿನ್ನಬೇಡಿ' ಅಂತ...

ಹೌದು, ಹಾಗಂದಿದ್ದ. ಅಂದಿದ್ರೆ ಏನೀಗ? ಅವತ್ತು ಕೈ ಬೀಸಿದ. ಸೊಳ್ಳೆ ಓಡಿಸೋಕೆ ಬೀಸಿದನೋ, ಯಾತಕ್ಕೆ ಬೀಸಿದನೋ... ಬೀಸಿದ! ನೀನ್ಯಾಕೆ ಅವನ ಪರ ವಹಿಸ್ತೀಯ? ಏನೂ ಹೇಳಲಿಲ್ಲ ನೀನು, ಗೊತ್ತು. ಏನೂ ಹೇಳದೆ ಕೂತಿದ್ದೀಯಲ್ಲ, ಅದನ್ನೇ ಹೇಳ್ತಿರೋದು ನಾನು!

ಕೋಪ ನಿನ್ನ ಮೇಲಲ್ಲ ಮಗಳೇ. ನಿನ್ನ ಮೇಲೆ ಕೋಪ ಮಾಡ್ತೀನಾ? ಮೂರು ವರ್ಷ ನಿನ್ನನ್ನ ಪಕ್ಕದಲ್ಲಿ ಕೂರಿಸ್ಕೊಂಡು ಬೆಳೆಸಿದೆ. ಮೊದಲು ಕಲಿಸಿದ್ದೇನು ನಿನಗೆ? ಬೆರಳು ತಿರುಚಿದ್ರೆ, ಉಸಿರು ಸಿಕ್ಕದೆ ಹೋದ್ರೆ, ಬಾಯಿಬಿಟ್ಟು ಕೇಳಬೇಡ. ಮೇಲೆ ಗ್ಯಾಲರಿಯಲ್ಲಿ ಗಂಡಸರು ಕಡಲೆ ಸಿಪ್ಪೆ ಉಗೀತಾ ಕೂತಿರ್ತಾರೆ, 'ಹೆಂಗಸರಿಗೆ ಸುಸ್ತಾಯ್ತು ಪಾಪ' ಅಂತಾರೆ. ಆ ಮಾತು ಅವರ ಬಾಯಿಂದ ಬರಬಾರದು. ಗೋಲಿನ ಕಂಬಕ್ಕೆ ಅಂಗೈಯಲ್ಲಿ ಎರಡು ಏಟು ಹಾಕು, ಸಾಕು. ಇನ್ನೊಬ್ಬಳು ಬರ್ತಾಳೆ. ಯಾಕೆ ಅಂತ ಕೇಳೋ ಹಾಗಿಲ್ಲ. ಪಂದ್ಯ ಮುಗಿದ ಮೇಲೂ ಕೇಳೋ ಹಾಗಿಲ್ಲ. ನನಗೆ ಇದನ್ನ ಹೇಳಿಕೊಟ್ಟಿದ್ದು ನನಗಿಂತ ಮುಂಚೆ ನಿಂತಿದ್ದ ಅಕ್ಕ, ಅವಳಿಗೆ ಇನ್ಯಾರೋ. ನೀನು ಎಷ್ಟು ಸಲ ತಟ್ಟಿಲ್ಲ, ನಾನು ಎಷ್ಟು ಸಲ ತಟ್ಟಿಲ್ಲ! ನಾನು ತಟ್ಟಿದ್ರೆ ಸಾಕು, ನೀನು ಬೆಂಚಿಂದ ಮೊಲದ ಹಾಗೆ ಹಾರಿ, 'ಬಂದೆ ಅಕ್ಕಾ!' ಅಂತ...

ಅವತ್ತೂ ಹಾಗೇ ಕೂಗಿದೆ. ಹಾಲ್ ಪೂರ್ತಿ ಗದ್ದಲ, ನಾನು ತಿರುಗಿ ನೋಡಿದಾಗ ನೀನು ನನ್ನನ್ನೇ ನೋಡ್ತಿದ್ದೆ, ಕಣ್ಣು ಮಿಟುಕಿಸದೆ, ಇನ್ನೂ ಹದಿನೈದು ವರ್ಷ ಆಡೋಳ ಹಾಗೆ...

ಏನು? ಏನಂದೆ ನಾನು?

ಲೇಸ್? ಹೂಂ, ಲೇಸ್ ಕಟ್ಕೊಳ್ತಿದ್ದೆ ಅಂದೆ. ಲೇಸ್ ಕಟ್ತಾ ಕಟ್ತಾ ನೀನು ತಲೆ ಎತ್ತಿ ನೋಡ್ದೆ. ಎರಡೂ ಆಗಬಾರದಾ? ಪೊಲೀಸಿನೋರ ಹಾಗೆ ನೋಡಬೇಡ ನನ್ನನ್ನ!

ಚಮಚ ಗ್ಲಾಸಿನ ಮೇಲೆ ಅಡ್ಡ ಇಟ್ಟೆಯಾ. ಟೀ ಸಾಕು ಅಂತಲೋ, ನನ್ನ ಮಾತು ಸಾಕು ಅಂತಲೋ? ಸರಿ, ಸಹಿ ಹಾಕಿಬಿಡು, ಹೋಗ್ತೀನಿ. ನಿಮ್ಮಮ್ಮ ಹಮ್ಸಿ ಮೀನು ಹುರೀತಿದ್ದಾರೆ, ಊಟಕ್ಕೆ ನಿಲ್ಲು ಅಂತಾರೆ, ನಾನು ನಿಲ್ಲಲ್ಲ. ಅವರ ಮುಖ ನೋಡ್ಕೊಂಡು ನನ್ನ ಕೈಲಿ ತಿನ್ನೋಕಾಗಲ್ಲ. ಬೇಗ ಹಾಕು. ಇಲ್ಲಿ, ಈ ಗೆರೆ ಮೇಲೆ. ಆಂಬುಲೆನ್ಸ್ ಇರಲಿಲ್ಲ, ಅದು ಸುಳ್ಳಾ? ಅಧ್ಯಕ್ಷ ನಮ್ಮನ್ನ ನಾಯಿಗಿಂತ ಕಡೆಯಾಗಿ ನೋಡಿದ, ಅದು ಸುಳ್ಳಾ? ಕಾಗದದಲ್ಲಿ ಒಂದೇ ಒಂದು ಸಾಲು ಹೆಚ್ಚುಕಮ್ಮಿ ಇದ್ರೆ ಏನು ಮುಳುಗಿಹೋಯ್ತು, ಉಳಿದ ಇಪ್ಪತ್ತು ಸಾಲೂ ನಿಜ! ಹಾಕು, ದಿಲಾರಾ, ಹಾಕು...

...

ಯಾಕೆ ತಟ್ಟಿದೆ?

ಟೇಬಲ್ ಯಾಕೆ ತಟ್ಟಿದೆ? ಅಂಗೈಯಲ್ಲಿ. ಎರಡು ಸಲ.

ನೋಡಬೇಡ ಹಾಗೆ. ಒಂದೇ ಕಣ್ಣಲ್ಲಿ ಹಾಗೆ ನೋಡಬೇಡ. ಬೈಯಿ, ಆ ಗ್ಲಾಸ್ ತಗೊಂಡು ಮುಖಕ್ಕೆ ಎಸಿ, ತಡಿಯಲ್ಲ ನಾನು. ಏನಾದ್ರೂ ಅನ್ನು!

ಹೌದು. ತಟ್ಟಿದೆ. ಹೋಜಾ ಕೈ ಬೀಸಲಿಲ್ಲ, ಅವನು ಗಡಿಯಾರ ನೋಡ್ತಿದ್ದ. ಕಂಬ ನಾನೇ ತಟ್ಟಿದೆ.

ಸೆರ್ಪಿಲ್ ಚೆಂಡು ತಗೊಂಡಳು. ಆರು ವರ್ಷ ನಮ್ಮ ತಂಡದಲ್ಲೇ ಇದ್ದೋಳು, ಊರೂರಿಗೆ ಹೋದಾಗ ನನ್ನ ಕೋಣೆಯಲ್ಲೇ ಮಲಗ್ತಿದ್ದೋಳು. ಅವಳೇ ಹೇಳಿದ್ದಳು ನನಗೆ. 'ಕೀಪರ್ ಮುಂದೆ ನುಗ್ಗಿ ಬಂದ್ರೆ ಕಿವಿ ಪಕ್ಕದಲ್ಲೇ ಎಸೀತೀನಿ ಶೆಂಗುಲ್, ಹೆದರಿ ತಲೆ ತಿರುಗಿಸ್ತಾರೆ.' ನೀನು ಮುಂದೆ ನುಗ್ಗೋಳು. ನುಗ್ಗು ಅಂತ ಕಲಿಸಿದೋಳು ನಾನೇ. ಪಕ್ಕದಲ್ಲೇ ಹಾದು ಹೋದೆಯಲ್ಲ, ಒಳಗೆ ಬರುವಾಗ, ನನ್ನ ಭುಜಕ್ಕೆ ಭುಜ ತಾಗಿಸಿ? 'ಗೆರೆ ಮೇಲೇ ನಿಲ್ಲು' ಅಂತ ಎರಡು ಮಾತು ಹೇಳಬಹುದಿತ್ತು. ಹೇಳಲಿಲ್ಲ.

ಆ ತಲೆ ಏಟು ಬಿದ್ದಿತ್ತಲ್ಲ, ತಮ್ಮನ ಹೆಸರು ಮರೆತಿದ್ದು? ಆಮೇಲೆ ಏನೂ ಇಲ್ಲ ಅಂದೆನಲ್ಲ? ಇತ್ತು. ದೊಡ್ಡ ಆಸ್ಪತ್ರೆಯ ಡಾಕ್ಟರಮ್ಮ ಹೇಳಿದ್ರು, ಇನ್ನೊಂದು ಬಿದ್ರೆ ತಮ್ಮನ ಹೆಸರಲ್ಲ, ನಿನ್ನ ಹೆಸರೇ ಹೋಗುತ್ತೆ, ಆಟ ಬಿಡು ಅಂತ. ಯಾರಿಗೂ ಹೇಳಲಿಲ್ಲ. ಗೋಡೆ ಅಲ್ವಾ ನಾನು! ಎರಡು ವರ್ಷ ಪ್ರತಿ ಚೆಂಡಿಗೂ ಒಳಗೊಳಗೇ ಕಣ್ಣು ಮುಚ್ಚಿ ನಿಂತೆ. ನನ್ನ ಕಣ್ಣು ಮುಚ್ಕೊಂಡೆ, ಹೋಗಿದ್ದು...

ಥೂ, ನಾನ್ಯಾಕೆ ಅಳ್ತಿದ್ದೀನಿ. ಅಪ್ಪಣೆ ಇಲ್ಲದೋಳ ಎದುರಿಗೆ.

ಕೇಳು, ಯಾಕೆ ಅಂತ ಕೇಳು. ಹನ್ನೊಂದು ದಿನ ಆಯ್ತು, ಒಂದು ಸಲವೂ ಕೇಳಲಿಲ್ಲ ನೀನು. ನಿಮ್ಮಮ್ಮನಿಗೂ ಹೇಳಿಲ್ಲ, ಹೇಳಿದ್ರೆ ನನ್ನ ಕೈಗೆ ಕೊಲೋನ್ ಸುರೀತಿರಲಿಲ್ಲ ಅವರು. ಯಾರಿಗೂ ಹೇಳದೆ, ಯಾಕೆ ಅಂತ ಕೇಳದೆ, ನಾನು ಕಲಿಸಿದ್ದನ್ನೇ ಹಿಡ್ಕೊಂಡು ಈ ಕತ್ತಲಲ್ಲಿ...

ಕಾಗದ ನನ್ನ ಕಡೆಗೆ ತಳ್ತಿದ್ದೀಯ. ಪೆನ್ನೂ.

ಹರಿದು ಹಾಕಬೇಡ ಅಂತೀಯಾ? ಆಂಬುಲೆನ್ಸಿನ ಸಾಲು ಇರಲಿ ಅಂತಾನಾ? ಇರಲಿ. ಅಧ್ಯಕ್ಷನದೂ ಇರಲಿ, ಅದರಲ್ಲಿ ಒಂದಕ್ಷರವೂ ಬಿಡಲ್ಲ. ಹೋಜಾನ ಹೆಸರು ಹೊಡೆದು... ಹೊಡೆದೆ. ಅಲ್ಲಿ ನನ್ನದು ಬರೀಬೇಕು. ಗೋಡೆ ಅಂತಲ್ಲ. ಪೂರ್ತಿ ಹೆಸರು. ಮೇಲೆ ಅಂಗಿ ತೂಗಲ್ಲ ಆಮೇಲೆ, ಗೊತ್ತಲ್ಲ ನಿನಗೆ? ಅದೊಂದೇ ಹೆಂಗಸಿನ ಅಂಗಿ...

ಒಂಚೂರು ತಾಳು, ಬರೀತೀನಿ.

ಮತ್ತೆ ತಟ್ಟಬೇಡ, ದಿಲಾರಾ. ಕೇಳಿಸ್ತು ನನಗೆ, ಮೊದಲನೇ ಸಲವೇ ಕೇಳಿಸ್ತು.

ಬಂದೆ.

ಬಂದೆ ಮಗಳೇ.